ಜನಮೇಜಯನ ತಾಮ್ರಪಟ: ಕೂಟಶಾಸನಗಳನ್ನು ಓದುವ ಬಗೆ

ಹಸ್ತಿನಾವತಿಯ ಜನಮೇಜಯ ದಕ್ಷಿಣಕ್ಕೆ ದಿಗ್ವಿಜಯಕ್ಕೆಂದು ಬಂದ. ತುಂಗಭದ್ರೆಗೆ ಹರಿದ್ರೆ ಕೂಡುವಲ್ಲಿ, ಹರಿಹರದೇವರ ಸನ್ನಿಧಿಯಲ್ಲಿ ಸರ್ಪಯಾಗ ನಡೆಸಿದ. ಸೂರ್ಯಗ್ರಹಣದ ಹೊತ್ತಿನಲ್ಲಿ ಬ್ರಾಹ್ಮಣರಿಗೆ ಊರುಗಳನ್ನು ಧಾರೆ ಎರೆದುಕೊಟ್ಟ. ಈ ಮಾತು ಬಂದಿರುವುದು ಪುರಾಣದಲ್ಲಲ್ಲ, ಜಮೀನಿನ ಹಕ್ಕುಪತ್ರದಲ್ಲಿ. ಶಿವಮೊಗ್ಗ ಸೀಮೆಯ ಗೌಜ ಅಗ್ರಹಾರ, ಕುಪ್ಪಗದ್ದೆ, ಬೇಗೂರುಗಳಲ್ಲಿ ಸಿಕ್ಕ ತಾಮ್ರಪಟಗಳು ಜನಮೇಜಯನ ಹೆಸರು ಹೊತ್ತಿವೆ. ತೀರ್ಥಹಳ್ಳಿ ಕಡೆಯ ಭೀಮನಕಟ್ಟೆ ಮಠದ ಪಟವಂತೂ ತನ್ನ ಕಾಲವನ್ನು ಯುಧಿಷ್ಠಿರ ಶಕ 89 ಎಂದು ಹೇಳಿಕೊಳ್ಳುತ್ತದೆ. ಅಂದರೆ ಕ್ರಿ.ಪೂ. 3000ಕ್ಕೂ ಹಿಂದೆ!

ಹರಿಹರ 1997ರವರೆಗೆ ನಮ್ಮ ಚಿತ್ರದುರ್ಗ ಜಿಲ್ಲೆಯಲ್ಲೇ ಇತ್ತು. ಹೊಸದುರ್ಗದ ಶಾಸನಗಳೂ ಹರಿಹರದ ಶಾಸನಗಳೂ ಬಿ.ಎಲ್. ರೈಸ್ ಅವರು ತಂದ ಎಪಿಗ್ರಾಫಿಯಾ ಕರ್ನಾಟಿಕಾ ಎಂಬ ಶಾಸನಸಂಗ್ರಹದ 11ನೆಯ ಸಂಪುಟದಲ್ಲಿ ಒಟ್ಟಿಗೆ ಇವೆ. ಚಿತ್ರದುರ್ಗದ ಬೆಟ್ಟದ ಮೇಲೆ ಹಿಡಿಂಬೇಶ್ವರನ ಗುಡಿಯಿದೆ, ಅಲ್ಲಿ ಹಿಡಿಂಬನ ಹಲ್ಲನ್ನು ತೋರಿಸುತ್ತಾರೆ. ಮಹಾಭಾರತ ತಮ್ಮ ನೆಲದಲ್ಲೇ ನಡೆಯಿತೆಂದು ಇಲ್ಲಿಯ ಜನ ಎಂದಿನಿಂದಲೂ ನಂಬಿದ್ದಾರೆ. ಆ ನಂಬಿಕೆಯಿಂದ ಯಾರ ಹೊಲವೂ ಕೈ ತಪ್ಪಿಲ್ಲ. ಅದೇ ಮಹಾಭಾರತವನ್ನು ತಾಮ್ರದ ಮೇಲೆ ಕೆತ್ತಿ, ಮುದ್ರೆ ಒತ್ತಿ, ಈ ಊರಿನ ಹುಟ್ಟುವಳಿ ನನ್ನದು ಎಂದು ಅಧಿಕಾರಿಯ ಮುಂದೆ ಇಟ್ಟಾಗ ಅದು ಕತೆಯಾಗಿ ಉಳಿಯುವುದಿಲ್ಲ, ಕಾನೂನಾಗುತ್ತದೆ.

ಈ ಪಟಗಳು ಕೃತಕ ಎನ್ನುವುದಕ್ಕೆ ಸಾಕ್ಷಿ ಅವುಗಳ ಒಳಗೇ ಇದೆ. ಜನಮೇಜಯನ ಬಿರುದುಗಳನ್ನು ನೋಡಿ: ಸಮಸ್ತಭುವನಾಶ್ರಯ, ಶ್ರೀಪೃಥ್ವೀವಲ್ಲಭ, ಮಹಾರಾಜಾಧಿರಾಜ, ಪರಮೇಶ್ವರ, ಪರಮಭಟ್ಟಾರಕ. ಇವೆಲ್ಲ ಚಾಲುಕ್ಯರ ಬಿರುದುಗಳು. ಬಾವುಟದ ಮೇಲಿನ ಚಿನ್ನದ ವರಾಹವೂ ಅವರದೇ. ಇನ್ನು ಹರಿಹರದಲ್ಲಿ ಇಂದು ಕಾಣುವ ಗುಡಿಯನ್ನು ಹೊಯ್ಸಳ ಇಮ್ಮಡಿ ನರಸಿಂಹನ ದಂಡನಾಯಕ ಪೊಲಾಳ್ವ ಕಟ್ಟಿಸಿದ್ದು 1224ರ ಸುಮಾರಿಗೆ. ಗೌಜ ಪಟದಲ್ಲಿ ಹೇಳಿದ ಗ್ರಹಣವನ್ನು ಬ್ರಿಟನ್ನಿನ ಖಗೋಳಜ್ಞ ಜಾರ್ಜ್ ಏರಿ ಲೆಕ್ಕ ಹಾಕಿದಾಗ ದೊರೆತ ದಿನ 1521ರ ಏಪ್ರಿಲ್ 7. ಪಟದ ಕಾಲದ ಬಗ್ಗೆ ವಿದ್ವಾಂಸರು ಒಮ್ಮತಕ್ಕೆ ಬರದಿದ್ದರೂ ಪರೀಕ್ಷಿತನ ಮಗ ಜನಮೇಜಯ ಅದನ್ನು ಬರೆಸಲಿಲ್ಲ ಎಂಬುದರಲ್ಲಿ ಅನುಮಾನ ಉಳಿದಿಲ್ಲ.

ಜೆ.ಎಫ್. ಫ್ಲೀಟ್ ಈ ಬಗೆಯ ಶಾಸನಗಳ ಬೆನ್ನು ಹತ್ತಿದ ವಿದ್ವಾಂಸ. ಗಂಗರ ಹೆಸರಿನ ಎಷ್ಟೋ ತಾಮ್ರಪಟಗಳನ್ನು ಅವರು ಕೂಟಶಾಸನಗಳೆಂದು, ಅಂದರೆ ಖೊಟ್ಟಿ ಶಾಸನಗಳೆಂದು, ತಳ್ಳಿಹಾಕಿದರು. ಉದಾಹರಣೆಗೆ, 388ನೆಯ ವರ್ಷದ್ದೆಂದು ಹೇಳಿಕೊಳ್ಳುವ ಮಡಿಕೇರಿಯ ಪಟದಲ್ಲಿ ಅಕಾಲವರ್ಷನ ಹೆಸರು ಬರುತ್ತದೆ. ಅದು ಎಷ್ಟೋ ಶತಮಾನ ಈಚಿನ ರಾಷ್ಟ್ರಕೂಟ ಅರಸರ ಬಿರುದು. ಫ್ಲೀಟರ ಕಟ್ಟುನಿಟ್ಟು ಇಲ್ಲದಿದ್ದರೆ ಕರ್ನಾಟಕದ ಚರಿತ್ರೆಯ ಬುಡವೇ ಗಟ್ಟಿಯಾಗುತ್ತಿರಲಿಲ್ಲ. ಆದರೆ ಅವರ ಪಂಥದ ಕೊರತೆಯೊಂದನ್ನು ಹೇಳಲೇಬೇಕು. ಸುಳ್ಳು ಎಂದು ತೀರ್ಪು ಕೊಟ್ಟ ಕೂಡಲೇ ಅವರು ಓದುವುದನ್ನು ನಿಲ್ಲಿಸಿದರು. ಅದಕ್ಕೆ ಎದುರಾಗಿ ನಿಂತವರು ನಮ್ಮ ನಾಡಿನ ಪ್ರಾಚೀನತೆಗೆ ಕುಂದು ಬಂತೆಂದು ಪಟಗಳನ್ನು ಅಪ್ಪಿಕೊಂಡರು. ಇವರು ಅಭಿಮಾನದಲ್ಲಿ ಕುರುಡಾದರೆ ಅವರು ಅವಸರಪಟ್ಟರು. ಈ ಪಟ ಯಾರಿಗೆ ಯಾಕೆ ಬೇಕಾಯಿತು ಎಂಬ ಪ್ರಶ್ನೆ ಮಾತ್ರ ಹಾಗೇ ಉಳಿಯಿತು.

ಆ ಪ್ರಶ್ನೆಗೆ ಉತ್ತರ ಪಟದ ರಚನೆಯಲ್ಲೇ ಇದೆ. ದಾನಪತ್ರವನ್ನು ಬಟ್ಟೆಯ ಮೇಲೋ ತಾಮ್ರದ ಮೇಲೋ ಬರೆಸಿ, ವಂಶ, ದಾನದ ಪ್ರಮಾಣ, ಎಲ್ಲೆ, ಕಾಲ, ರಾಜನ ಸಹಿ, ಮುದ್ರೆ ಎಲ್ಲವೂ ಇರುವಂತೆ ನೋಡಿಕೊಳ್ಳಬೇಕೆಂದು ಯಾಜ್ಞವಲ್ಕ್ಯಸ್ಮೃತಿ ಹೇಳುತ್ತದೆ. ಕೂಟಶಾಸನಕಾರ ಇದರಲ್ಲಿ ಒಂದನ್ನೂ ಬಿಡುವುದಿಲ್ಲ. ಅಸಲಿ ಪಟದಲ್ಲಿ ಕರಣಿಕ ಅಲ್ಲಲ್ಲಿ ಎಡವಿಯಾನು, ಇವನು ಎಡವುವಂತಿಲ್ಲ. ನೋಡುವ ಅಧಿಕಾರಿಯ ಕಣ್ಣಿಗೆ ಯಾವುದು ಶಾಸನವಾಗಿ ಕಾಣುತ್ತದೆ ಎಂಬುದನ್ನು ಅವನಷ್ಟು ಚೆನ್ನಾಗಿ ಬಲ್ಲವರು ಇನ್ನೊಬ್ಬರಿಲ್ಲ. ಹಾಗಾಗಿ ಅಂದಿನ ಜನರ ಕಣ್ಣಿನಲ್ಲಿ ಕಾನೂನು ಹೇಗಿತ್ತು ಎಂದು ತಿಳಿಯಲು ಅಸಲಿ ಪಟಕ್ಕಿಂತ ಖೊಟ್ಟಿ ಪಟವೇ ಒಮ್ಮೊಮ್ಮೆ ಹೆಚ್ಚು ಉಪಯೋಗಕ್ಕೆ ಬರುತ್ತದೆ.

ಅದರಲ್ಲೂ ಎಲ್ಲೆಯ ಭಾಗ. ಇಂಥ ಪಟಗಳಲ್ಲಿ ರಾಜಸ್ತುತಿ ಸಂಸ್ಕೃತದಲ್ಲಿ ಮೆರೆದು, ಎಲ್ಲೆಯ ಮಾತು ಬಂದಾಗ ಸಾಮಾನ್ಯವಾಗಿ ಕನ್ನಡಕ್ಕೆ ಇಳಿಯುತ್ತದೆ. ಮೂಡಲಿಗೆ ಹುಣಸೆಮರ, ತೆಂಕಲಿಗೆ ಕೆರೆಯ ಕೋಡಿ, ಪಡುವಲಿಗೆ ಹುತ್ತ, ಬಡಗಲಿಗೆ ನಟ್ಟ ಕಲ್ಲು ಎಂಬ ಧಾಟಿ. ಇಂದು ಹೊಸದುರ್ಗದಲ್ಲಿ ತೆಂಗಿನ ತೋಟದ ಕ್ರಯಪತ್ರ ಬರೆಸಿದರೂ ಚಕ್ಕುಬಂದಿ ಹೀಗೇ ಇರುತ್ತದೆ. ರಾಜನನ್ನು ಕಲ್ಪಿಸಿಕೊಳ್ಳಬಹುದು, ಚಕ್ಕುಬಂದಿಯನ್ನು ಕಲ್ಪಿಸಿಕೊಳ್ಳಲಾಗದು. ಮರ, ಕೋಡಿ, ಹುತ್ತ ಇದ್ದಲ್ಲೇ ಇರಬೇಕು, ಇಲ್ಲದಿದ್ದರೆ ಪಟದಿಂದ ಬಂದ ಫಲವೇನು? ಆದ್ದರಿಂದ ಈ ಪಟಗಳ ಅತ್ಯಂತ ನಿಜವಾದ ಭಾಗ ಅವುಗಳ ಎಲ್ಲೆಯ ಸಾಲುಗಳಲ್ಲಿದೆ. ಊರ ಚರಿತ್ರೆ ಬರೆಯುವವರು ಮೊದಲು ಓದಬೇಕಾದದ್ದು ಅದನ್ನೇ.

ಇಷ್ಟೆಲ್ಲ ಮೆಚ್ಚಿದ ಮೇಲೂ ಈ ಪರಂಪರೆಯನ್ನು ಕ್ಷಮಿಸಲು ನನಗೆ ಮನಸ್ಸಿಲ್ಲ. ಆಳುವ ಮನೆತನ ಬದಲಾದಾಗ ಹಳೆಯ ಮಾನ್ಯ ಹೊಸ ಅರಸರ ಕೈಯಲ್ಲಿ ಉಳಿಯುವ ಭರವಸೆ ಇರಲಿಲ್ಲ, ನಿಜವಾಗಿಯೂ ಪಟ ಕಳೆದುಕೊಂಡವರು ಮತ್ತೆ ಬರೆಸಿಕೊಂಡಿರಬಹುದು. ಅಂಥವರ ಮೇಲೆ ನನಗೆ ಕರುಣೆಯಿದೆ. ಆದರೆ ಜನಮೇಜಯನನ್ನೇ ದಾನಿಯಾಗಿ ನಿಲ್ಲಿಸಿದವರ ಲೆಕ್ಕಾಚಾರ ಬೇರೆ. ಅವನಿಗಿಂತ ಹಿಂದಿನ ಹಕ್ಕನ್ನು ಯಾರೂ ತರಲಾರರು, ಅವನನ್ನು ಪಾಟೀಸವಾಲು ಮಾಡುವವರೂ ಇಲ್ಲ. ಎದುರಿಗೆ ನಿಂತ ಉಳುವವನ ಬಳಿ ಇದ್ದದ್ದು ಬಾಯಿಸಾಕ್ಷಿ ಮಾತ್ರ, ನಮ್ಮಜ್ಜ ಉತ್ತಿದ್ದ ಎಂಬ ಮಾತು. ತಾಮ್ರದ ಎದುರು ಆ ಮಾತಿಗೆ ಎಷ್ಟು ಬೆಲೆ ಸಿಕ್ಕೀತು?

ಇದು ಅಪರಾಧವೆಂದು ಆ ಕಾಲಕ್ಕೂ ಗೊತ್ತಿತ್ತು. ಮನುಸ್ಮೃತಿ ಕೂಟಶಾಸನ ಮಾಡುವವನಿಗೆ ಮರಣದಂಡನೆ ಹೇಳುತ್ತದೆ. ಕ್ರಿ.ಶ. 631ರ ಮಧುಬನ ತಾಮ್ರಪಟದಲ್ಲಿ ಹರ್ಷವರ್ಧನನೇ ಹೇಳುತ್ತಾನೆ: ಸೋಮಕುಂಡಕ ಗ್ರಾಮವನ್ನು ವಾಮರಥ್ಯನೆಂಬ ಬ್ರಾಹ್ಮಣ ಕೂಟಶಾಸನದಿಂದ ಅನುಭವಿಸುತ್ತಿದ್ದ, ಆ ಪಟವನ್ನು ಮುರಿಸಿ ಊರನ್ನು ಬೇರೆಯವರಿಗೆ ಕೊಟ್ಟೆ ಎಂದು. ಒಬ್ಬ ಚಕ್ರವರ್ತಿ ಗಮನವಿಟ್ಟು ನೋಡಿದ್ದಕ್ಕೆ ಅದು ಸಿಕ್ಕಿಬಿತ್ತು.

ಕಲ್ಲಿಗೂ ತಾಮ್ರಕ್ಕೂ ಇರುವ ಅಂತರ ಇಲ್ಲಿ ಮುಖ್ಯ. ಕಲ್ಲಿನ ಶಾಸನ ಗುಡಿಯ ಮುಂದೆ, ಕೆರೆ ಏರಿಯ ಮೇಲೆ, ಊರವರ ಕಣ್ಣೆದುರು ನಿಂತಿರುತ್ತದೆ. ಸುಳ್ಳಿದ್ದರೆ ಪಕ್ಕದ ಹೊಲದವನು ಅಂದೇ ತಕರಾರು ತೆಗೆಯುತ್ತಾನೆ. ತಾಮ್ರಪಟ ಪೆಟ್ಟಿಗೆಯೊಳಗಿರುತ್ತದೆ, ಬೇಕಾದಾಗ ಮಾತ್ರ ಹೊರಬರುತ್ತದೆ. ಕಲ್ಲಿನಲ್ಲೂ ಖೊಟ್ಟಿ ಇಲ್ಲವೆಂದಲ್ಲ. ಆದರೂ ಮುಚ್ಚಿಟ್ಟ ದಾಖಲೆಗೇ ಮೋಸದ ಅವಕಾಶ ಹೆಚ್ಚು ಎನ್ನುವುದು ಈ ಪರಂಪರೆಯುದ್ದಕ್ಕೂ ಕಾಣುತ್ತದೆ.

1954ರ ಇನಾಮು ರದ್ದತಿ ಕಾಯ್ದೆ ಬಂದ ಮೇಲೆ ಮೈಸೂರು ಸೀಮೆಯ ಹಳೆಯ ಮಾನ್ಯಗಳಿಗೆ ಬಲ ಉಳಿಯಲಿಲ್ಲ. ಪಟಗಳು ಇನ್ನು ಯಾರ ಜಮೀನನ್ನೂ ಕಸಿಯಲಾರವು. ಅವನ್ನು ಹೆದರಿಕೆಯಿಲ್ಲದೆ ಓದಲು ಇದೇ ಹೊತ್ತು. ಹೊಸದುರ್ಗ, ಹಿರಿಯೂರು, ಹೊಳಲ್ಕೆರೆ ಸೀಮೆಯ ಮನೆಗಳ ಅಟ್ಟದ ಮೇಲೋ ಮಠಗಳ ಪೆಟ್ಟಿಗೆಯಲ್ಲೋ ತಾಮ್ರದ ಹಲಗೆ ಇದ್ದರೆ ದಯವಿಟ್ಟು ಗುಜರಿಗೆ ಹಾಕಬೇಡಿ, ಹುಣಸೆಹಣ್ಣು ಹಾಕಿ ಉಜ್ಜಲೂಬೇಡಿ. ಫೋಟೊ ತೆಗೆದು ಮೈಸೂರಿನಲ್ಲಿರುವ ಶಾಸನಶಾಸ್ತ್ರ ಇಲಾಖೆಗೆ ಕಳಿಸಿ. ಅದು ಖೊಟ್ಟಿ ಎಂದು ಅವರು ಹೇಳಿದರೂ ಜೋಪಾನವಾಗಿ ಇಟ್ಟುಕೊಳ್ಳಿ, ಅದರ ಚಕ್ಕುಬಂದಿಯಲ್ಲಿ ನಿಮ್ಮ ಊರು ಇದೆ.