ಅನುಕರಣಾವ್ಯಯದಿಂದ ಗುಣವಾಚಕಕ್ಕೆ: ಯಾದಗಿರಿ, ಶಹಾಪುರ, ಸುರಪುರ ಸೀಮೆಯ ‘ಖಡಕ್’

ಯಾದಗಿರಿ, ಶಹಾಪುರ, ಸುರಪುರಗಳ ಖಾನಾವಳಿಗಳಲ್ಲಿ ಊಟಕ್ಕೆ ಕುಳಿತವರನ್ನು ‘ಬಿಸಿ ಬೇಕೇನ್ರಿ, ಖಡಕ್ ಬೇಕೇನ್ರಿ’ ಎಂದು ಕೇಳುವುದುಂಟು. ರೊಟ್ಟಿ ಎಂಬ ನಾಮಪದ ಆ ಪ್ರಶ್ನೆಯಲ್ಲಿ ಕಾಣಿಸಿಕೊಳ್ಳುವುದಿಲ್ಲ. ಕಾಣಿಸಿಕೊಳ್ಳುವ ಅಗತ್ಯವೂ ಇಲ್ಲ. ಭಾಷಾವಿಜ್ಞಾನಿಗೆ ಇಲ್ಲಿ ಗಮನಾರ್ಹವಾದದ್ದು ಇನ್ನೊಂದಿದೆ. ‘ಖಡಕ್’ ಎಂಬುದಕ್ಕೆ ಸಾಮಾನ್ಯವಾಗಿ ನೀಡುವ ಅರ್ಥ ‘ಗಟ್ಟಿಯಾದ, ಬಿರುಸಾದ’ ಎಂದು. ಅದೇ ಅರ್ಥವಾಗಿದ್ದರೆ ಅದರ ಎದುರು ನಿಲ್ಲಬೇಕಾದ ಪದ ‘ಮೆತ್ತನ್ನ’. ನಿಂತಿರುವುದು ‘ಬಿಸಿ’. ಈ ಜೋಡಿಯನ್ನು ವಿವರಿಸಲಾಗದ ಅರ್ಥನಿರೂಪಣೆಯನ್ನು ನಾವು ಸಾಕಷ್ಟೆಂದು ಒಪ್ಪಲಾರೆವು. ‘ಖಡಕ್’ ಒಂದು ಧ್ವನ್ಯನುಕರಣ ಪದ, ಅದರ ಧ್ವನಿ ಅದರ ಅರ್ಥದಲ್ಲಿ ಇನ್ನೂ ಜೀವಂತವಾಗಿದೆ, ಮತ್ತು ಕನ್ನಡ ವ್ಯಾಕರಣದ ಎರಡು ಹಳೆಯ ರೂಢಿಗಳು ಸೇರಿ ಇದನ್ನು ನಮ್ಮಿಂದ ಮರೆಮಾಡಿವೆ ಎಂಬುದು ಪ್ರಸ್ತುತ ಬರಹದ ವಾದ.

ಮೊದಲನೆಯ ರೂಢಿ ವರ್ಗೀಕರಣದ್ದು. 13ನೆಯ ಶತಮಾನದ ಕೇಶಿರಾಜನಿಂದ ಹಿಡಿದು ಇಂದಿನ ಶಾಲಾ ವ್ಯಾಕರಣಗಳವರೆಗೆ ಅನುಕರಣ ಪದಗಳ ಸ್ಥಾನ ಅವ್ಯಯದೊಳಗೆ. ಧಗಧಗ, ಪಟಪಟ, ಥಟ್ಟನೆ ಮುಂತಾದವನ್ನು ಪಟ್ಟಿಮಾಡಿ, ಅವು ‘ಎನ್ನು’ ಧಾತುವಿನೊಡನೆ ಅಥವಾ ‘-ನೆ’ ಪ್ರತ್ಯಯದೊಡನೆ ಕ್ರಿಯೆಗೆ ಹೊಂದಿಕೊಳ್ಳುತ್ತವೆ ಎಂದು ಹೇಳಿ ಪ್ರಕರಣವನ್ನು ಮುಗಿಸಲಾಗುತ್ತದೆ. ಗುಣವಾಚಕಗಳದ್ದು ಬೇರೆಯೇ ಅಧ್ಯಾಯ. ಎರಡೂ ಕಡೆ ಕಾಲಿಟ್ಟ ಪದಕ್ಕೆ ಈ ಏರ್ಪಾಟಿನಲ್ಲಿ ಎಡೆಯಿಲ್ಲ. ಆದರೆ ಅಂಥ ಪದಗಳು ವಿರಳವೇನಲ್ಲ. ‘ಗರಿಗರಿ ದೋಸೆ’, ‘ಘಮಘಮ ಮಲ್ಲಿಗೆ’, ಈ ಸೀಮೆಯವರು ಬೇಸಿಗೆಯುದ್ದಕ್ಕೂ ಆಡುವ ‘ರಣರಣ ಬಿಸಿಲು’: ಇವುಗಳಲ್ಲಿ ಅನುಕರಣ ಪದವು ಯಾವ ಪ್ರತ್ಯಯವನ್ನೂ ಬೇಡದೆ ನಾಮಪದದ ಮುಂದೆ ನೇರವಾಗಿ ನಿಂತಿದೆ. ಇವನ್ನು ಅಪವಾದಗಳೆಂದು ಬದಿಗಿಡುವುದು ಸುಲಭ. ಹಾಗೆ ಬದಿಗಿಟ್ಟದ್ದರಿಂದಲೇ ಅನುಕರಣ ಪದಗಳ ವಿಶೇಷಣಪ್ರಯೋಗ ನಮ್ಮಲ್ಲಿ ಗಂಭೀರ ಚರ್ಚೆಗೆ ಬಂದಿಲ್ಲ.

ಒಂದು ತೊಡಕಂತೂ ಇದೆ. ಮೇಲಿನ ಉದಾಹರಣೆಗಳೆಲ್ಲ ದ್ವಿರುಕ್ತಿಗಳು. ‘ಗರಿ ದೋಸೆ’ ಎಂದು ಯಾರೂ ಹೇಳರು. ‘ಖಡಕ್’ ಮಾತ್ರ ಒಂಟಿಯಾಗಿ ನಿಂತೇ ವಿಶೇಷಣವಾಗುತ್ತದೆ. ಆದ್ದರಿಂದ ಅದು ಅನುಕರಣ ವರ್ಗಕ್ಕೆ ಸೇರದು, ಅದೊಂದು ಮಾಮೂಲಿ ಎರವಲು ಗುಣವಾಚಕ ಎಂದು ವಾದಿಸಬಹುದು. ಈ ಆಕ್ಷೇಪ ಹಗುರವಾದದ್ದಲ್ಲ. ಆದರೆ ಇದಕ್ಕೆ ಉತ್ತರ ಕನ್ನಡದ ಅನುಕರಣ ಪದಗಳ ರಚನೆಯಲ್ಲೇ ಇದೆ. ಪಟಪಟ ಎಂದರೆ ಮತ್ತೆ ಮತ್ತೆ ಆಗುವ ಸದ್ದು. ಪಟ್, ಪಟಕ್ ಎಂದರೆ ಒಮ್ಮೆಗೇ ಆಗಿ ಮುಗಿಯುವ ಸದ್ದು. ಕಟಕಟ ಎಂದು ಹಲ್ಲು ಕಡಿಯಬಹುದು. ಕಡ್ಡಿ ಮುರಿಯುವುದು ಕಟಕ್ ಎಂದು. ಗಬಕ್ಕನೆ, ಲಬಕ್ಕನೆ, ಟಪಕ್ಕನೆ, ಚಟಕ್ಕನೆ ಎಂಬಲ್ಲೆಲ್ಲ ಕೊನೆಯ ಕಕಾರವು ಏಕಘಟನೆಯನ್ನು, ಹಠಾತ್ ಮುಕ್ತಾಯವನ್ನು ಸೂಚಿಸುತ್ತದೆ. ಖಡಖಡ ಮತ್ತು ಖಡಕ್ ಇದೇ ಕ್ರಮದ ಜೋಡಿ. ಹಪ್ಪಳ, ಸಂಡಿಗೆಗಳು ಬಾಯಲ್ಲಿ ನೂರು ಚೂರಾಗಿ ನೂರು ಸದ್ದು ಮಾಡುತ್ತವೆ. ಅವು ಗರಿಗರಿ ಅಥವಾ ಕುರುಕುರು. ತಿಂಗಳೊಪ್ಪತ್ತು ಇಡಲೆಂದು ಬಡಿದು, ಬೇಯಿಸಿ, ಒಣಗಿಸಿದ ಬಿಳಿಜೋಳದ ರೊಟ್ಟಿ ಕೈಯಲ್ಲಿ ಒಂದೇ ಸದ್ದಿಗೆ ಎರಡಾಗುತ್ತದೆ, ಅದು ಖಡಕ್. ಹಾಗಾಗಿ ಈ ಪದ ದ್ವಿರುಕ್ತಿಯಾಗದಿರುವುದು ಅದರ ಅನುಕರಣಗುಣದ ಅಭಾವವಲ್ಲ. ಅದು ಏಕಘಟನೆಯ ಅನುಕರಣವಾಗಿರುವುದರಿಂದಲೇ ಒಂಟಿಯಾಗಿದೆ.

ಎರಡನೆಯ ರೂಢಿ ಮೂಲಾನ್ವೇಷಣೆಯದು. ಹಿಂದಿ, ಮರಾಠಿ, ದಖನಿಗಳಲ್ಲಿ ‘ಕಡಕ್’ ಇದೆ. ಆದುದರಿಂದ ಕನ್ನಡದ್ದು ಎರವಲು. ಎರವಲೆಂದ ಮೇಲೆ ಅದರ ಅರ್ಥವನ್ನು ಮೂಲಭಾಷೆಯ ಕೋಶದಿಂದ ಎತ್ತಿ ಬರೆದರಾಯಿತು. ಈ ಮೂರು ಹೆಜ್ಜೆಗಳಲ್ಲಿ ಮೊದಲನೆಯದು ನಿಜ, ಎರಡನೆಯದು ಬಹುಮಟ್ಟಿಗೆ ಸಂಭಾವ್ಯ, ಮೂರನೆಯದು ತಪ್ಪು. ಎಮೆನೊ 1969ರಲ್ಲಿ ‘ಲ್ಯಾಂಗ್ವೇಜ್’ ಪತ್ರಿಕೆಯಲ್ಲಿ ಪ್ರಕಟಿಸಿದ ಲೇಖನವು ಭಾರತದ ಭಾಷಾವಲಯದಲ್ಲಿ ಅನುಕರಣ ಪದಗಳು ಆರ್ಯ–ದ್ರಾವಿಡ ಗಡಿಯನ್ನು ದಾಟಿ ಹರಡಿಕೊಂಡಿರುವ ಬಗೆಯನ್ನು ತೋರಿಸಿಕೊಟ್ಟಿತು. ಕಟ–ಕಡ ಧ್ವನಿಯ ಪದಗಳು ಎರಡೂ ಕುಟುಂಬಗಳಲ್ಲಿವೆ. ಇಂಥ ಪದಗಳ ವಿಷಯದಲ್ಲಿ ‘ಯಾರಿಂದ ಯಾರು ಪಡೆದರು’ ಎಂಬ ಪ್ರಶ್ನೆಗಿಂತ ‘ಪಡೆದ ಮೇಲೆ ಯಾವ ಬಳಗಕ್ಕೆ ಸೇರಿಸಿಕೊಂಡರು’ ಎಂಬ ಪ್ರಶ್ನೆಯೇ ಹೆಚ್ಚು ಫಲಕಾರಿ.

ಈ ಸೀಮೆಯ ಮಟ್ಟಿಗೆ ಎರವಲಿನ ಹಣೆಪಟ್ಟಿಗೆ ಇನ್ನೊಂದು ಭಾರವೂ ಇದೆ. ಸುರಪುರ ಸಂಸ್ಥಾನವು 1858ರ ಬಂಡಾಯದ ನಂತರ, 1860ರಲ್ಲಿ, ನಿಜಾಮರ ಕೈಸೇರಿತು. ಹೈದರಾಬಾದ್ ಸಂಸ್ಥಾನದ ಆಡಳಿತಭಾಷೆ ಉರ್ದುವಾಗಿತ್ತು. 1956ರಲ್ಲಿ ಈ ಭಾಗ ಅಂದಿನ ಮೈಸೂರು ರಾಜ್ಯಕ್ಕೆ ಸೇರಿತು. 2010ರಲ್ಲಿ ಯಾದಗಿರಿ ಪ್ರತ್ಯೇಕ ಜಿಲ್ಲೆಯಾಯಿತು. ಈ ಚರಿತ್ರೆಯನ್ನು ತಿಳಿದವರು ಇಲ್ಲಿನ ಕನ್ನಡವನ್ನು ‘ಉರ್ದುಮಿಶ್ರಿತ’ ಎಂಬ ಒಂದೇ ಮಾತಿನಲ್ಲಿ ಮುಗಿಸಿಬಿಡುವುದುಂಟು. ಪುಣೆಯ ಡೆಕ್ಕನ್ ಕಾಲೇಜು 1960ರ ದಶಕದಲ್ಲೇ ಗುಲ್ಬರ್ಗಾ ಕನ್ನಡದ ವಿವರಣಾತ್ಮಕ ಅಧ್ಯಯನವನ್ನು ಪ್ರಕಟಿಸಿದ್ದರೂ ಈ ಮಾತು ಸವೆದಿಲ್ಲ. ಹೀಗೆ ಹಣೆಪಟ್ಟಿ ಹಚ್ಚಿದ ಪದದ ಅರ್ಥವನ್ನು ಸ್ಥಳದಲ್ಲಿ ಕೇಳಿ ತಿಳಿಯುವ ಅಗತ್ಯ ಯಾರಿಗೂ ಕಾಣುವುದಿಲ್ಲ. ನಮ್ಮ ತಕರಾರು ಇರುವುದು ಇಲ್ಲಿ.

ಎರವಲಿನ ವಾದವು ವಿವರಿಸಲಾರದ ಸಂಗತಿಯೊಂದು ಪದದ ಮೊದಲ ಅಕ್ಷರದಲ್ಲೇ ಇದೆ. ಹಿಂದಿ, ಮರಾಠಿಗಳಲ್ಲಿ ಇದು ಅಲ್ಪಪ್ರಾಣ ಕಕಾರದ ‘ಕಡಕ್’. ಕನ್ನಡದಲ್ಲಿ ಬರೆಯುವವರು ಬಹುಪಾಲು ‘ಖಡಕ್’ ಎಂದೇ ಬರೆಯುತ್ತಾರೆ. ಎರವಲಿನಲ್ಲಿ ಮಹಾಪ್ರಾಣ ಕಳೆದುಹೋಗುವುದು ಕನ್ನಡದ ಆಡುಮಾತಿನ ಸಾಮಾನ್ಯ ಪ್ರವೃತ್ತಿ. ಮೂಲದಲ್ಲಿಲ್ಲದ ಮಹಾಪ್ರಾಣ ಬಂದು ಸೇರಿರುವುದಕ್ಕೆ ಬೇರೆ ಕಾರಣವಿರಬೇಕು. ಮರಾಠಿಯ ‘ಖಡಕ’, ಅಂದರೆ ಬಂಡೆ, ಇದರೊಳಗೆ ಬೆರೆತಿದೆ ಎನ್ನೋಣವೆಂದರೆ ಅರ್ಥ ಒದಗುವುದಿಲ್ಲ. ಅದನ್ನು ಮುಂದೆ ನೋಡಲಿದ್ದೇವೆ. ಕನ್ನಡದಲ್ಲಿ ಸಂಸ್ಕೃತದ ಹಂಗಿಲ್ಲದೆ ಮಹಾಪ್ರಾಣ ನೆಲೆಸಿರುವ ಪದವರ್ಗ ಅನುಕರಣ ಪದಗಳದ್ದು: ಖಣಖಣ, ಘಮಘಮ, ಥಟ್, ಧಡ್, ಫಳಫಳ, ಭಣಭಣ, ಝಲ್. ‘ಖಡಕ್’ನ ಖಕಾರ ಈ ಬಳಗದಿಂದ ಬಂದ ಉಸಿರು ಎಂದು ನಾವು ಭಾವಿಸುತ್ತೇವೆ.

ಡಿ. ಎನ್. ಶಂಕರ ಭಟ್ಟರು ‘ಕನ್ನಡ ಬರಹವನ್ನು ಸರಿಪಡಿಸೋಣ’ ಕೃತಿಯಲ್ಲಿ, ಕನ್ನಡಿಗರ ಸಹಜ ಉಚ್ಚಾರಣೆಯಲ್ಲಿಲ್ಲದ ಮಹಾಪ್ರಾಣಾಕ್ಷರಗಳು ಬರಹದಲ್ಲೂ ಬೇಡವೆಂದು ವಾದಿಸಿದರು. ಸಂಸ್ಕೃತದಿಂದ ಬಂದ ಪದಗಳ ಬಗ್ಗೆ ಅವರ ವಾದದ ಬಲವನ್ನು ನಾವು ಅಲ್ಲಗಳೆಯುವುದಿಲ್ಲ. ಆದರೆ ಅನುಕರಣ ಪದಗಳಿಗೆ ಅದೇ ನಿಯಮವನ್ನು ವಿಸ್ತರಿಸುವಾಗ ಎಚ್ಚರ ಬೇಕು. ಸುರಪುರದ ಕಡೆಯ ಮಾತಿನಲ್ಲಿ ಸುಮ್ಮನೆ ಹೇಳುವಾಗ ‘ಕಡಕ್’ ಎಂದೇ ಕೇಳಿಸುವ ಪದ, ಒತ್ತಿ ಹೇಳುವಾಗ, ಮುಖ್ಯವಾಗಿ ಮನುಷ್ಯನೊಬ್ಬನ ಸ್ವಭಾವವನ್ನು ಬಣ್ಣಿಸುವಾಗ, ಉಸಿರು ತುಂಬಿ ‘ಖಡಕ್’ ಆಗುತ್ತದೆ. ಭಾವಕ್ಕೆ ತಕ್ಕಂತೆ ಬಂದುಹೋಗುವ ಈ ಮಹಾಪ್ರಾಣವನ್ನು ಲಿಪಿದೋಷವೆಂದು ಕರೆಯಲಾಗದು. ಧ್ವನಿಮುದ್ರಣ ಹಾಗೂ ಧ್ವನಿಮಾಪನದಿಂದ ಪರೀಕ್ಷಿಸಲು ಇದು ಸುಲಭವಾದ ವಿಷಯ. ಈ ಸೀಮೆಯಿಂದಲೇ ಬರುವ ಸಂಶೋಧನ ವಿದ್ಯಾರ್ಥಿಗಳಿಗೆ ನಾವಿದನ್ನು ಸೂಚಿಸುತ್ತೇವೆ. ಪದಾಂತ್ಯದ ವ್ಯಂಜನವನ್ನು ಮಾತ್ರ ನಮ್ಮ ವಾದಕ್ಕೆ ಆಧಾರವಾಗಿ ಬಳಸಿಕೊಳ್ಳುವುದಿಲ್ಲ. ಹರಕು, ಮುರುಕುಗಳ ಹಾಗೆ ‘ಖಡಕು’ ಆಗಿಲ್ಲವೆಂಬುದು ಆಕರ್ಷಕವಾದ ಸಾಕ್ಷ್ಯವೇ. ಆದರೆ ‘ಮಸ್ತ್’, ‘ಬಿಂದಾಸ್’ಗಳೂ ಹಾಗೆಯೇ ಉಳಿದಿವೆ, ಅವು ಅನುಕರಣ ಪದಗಳಲ್ಲ.

ಇನ್ನು ಅರ್ಥ. ಶಹಾಪುರದ ಬೆಟ್ಟಸಾಲು ಮಲಗಿದ ಬುದ್ಧನಂತೆ ಕಾಣುವುದಕ್ಕೆ ಹೆಸರಾದದ್ದು. ಯಾದಗಿರಿಯ ಕೋಟೆ ನಿಂತಿರುವುದೂ ಬಂಡೆಗಳ ಮೇಲೆಯೇ. ಇಷ್ಟು ಕಲ್ಲಿರುವ ನಾಡಿನಲ್ಲಿ ‘ಖಡಕ್ ಕಲ್ಲು’ ಎಂಬ ಪ್ರಯೋಗವಿಲ್ಲ. ಕಲ್ಲು ಗಟ್ಟಿ, ಹೆಚ್ಚೆಂದರೆ ಬಿರಸು. ‘ಖಡಕ್’ ಎಂದರೆ ಗಟ್ಟಿ ಎಂಬ ನಿರೂಪಣೆ ಇಲ್ಲಿಗೇ ಮುರಿದುಬೀಳುತ್ತದೆ. ರೊಟ್ಟಿಯಲ್ಲೇ ಇನ್ನೂ ಸೂಕ್ಷ್ಮವಾದ ಪರೀಕ್ಷೆಯಿದೆ. ಬೆಳಿಗ್ಗೆ ಬಡಿದ ರೊಟ್ಟಿ ಮುಚ್ಚಿಟ್ಟಲ್ಲಿ ಸಂಜೆಗೆ ಬಿರಸಾಗುತ್ತದೆ, ಆದರೆ ಖಡಕ್ ಆಗುವುದಿಲ್ಲ. ಅದನ್ನು ಮಡಚಿದರೆ ಮಡಚಿಕೊಳ್ಳುತ್ತದೆ, ತುಂಡು ಮಾಡಲು ಜಗ್ಗಬೇಕಾಗುತ್ತದೆ. ಕನ್ನಡದ ಎರಡು ಧಾತುಗಳು ಈ ಭೇದವನ್ನು ನಿಖರವಾಗಿ ಹಿಡಿದಿವೆ: ಬಿಸಿ ರೊಟ್ಟಿಯನ್ನು, ಬಿರಸಾದ ರೊಟ್ಟಿಯನ್ನು ‘ಹರಿ’ಯುತ್ತಾರೆ, ಖಡಕ್ ರೊಟ್ಟಿಯನ್ನು ‘ಮುರಿ’ಯುತ್ತಾರೆ. ಬಾಗದೆ, ಹರಿಯದೆ, ಸದ್ದಿನೊಡನೆ ಮುರಿಯುವುದು ಖಡಕ್‌ನ ಮೂಲಾರ್ಥ. ‘ಬಿಸಿ’ ಅದರ ಎದುರುಪದವಾದದ್ದೂ ಈಗ ಅರ್ಥವಾಗುತ್ತದೆ: ಹಂಚಿನಿಂದ ಇಳಿದ ರೊಟ್ಟಿಗೂ ತೇವ ಆರಿಹೋದ ರೊಟ್ಟಿಗೂ ನಡುವಣ ಅಂತರವು ಗಟ್ಟಿತನದ ಅಳತೆಯಲ್ಲ, ಮಾಡಿದ ಬಗೆಯದು. ಮಳೆಗಾಲದಲ್ಲಿ ಥಂಡಿ ಹಿಡಿದು ಮೆತ್ತಗಾದ ರೊಟ್ಟಿಯನ್ನು ಯಾರೂ ‘ಬಿಸಿ’ ಎನ್ನುವುದಿಲ್ಲ. ‘ಖಡಕ್ ಉಳಿದಿಲ್ಲ’ ಎನ್ನುತ್ತಾರೆ.

ಉತ್ತರ ಕರ್ನಾಟಕದಲ್ಲಿ ಇದೇ ರೊಟ್ಟಿಗೆ ‘ಕಟಕ ರೊಟ್ಟಿ’ ಎಂಬ ಹೆಸರೂ ಇದೆ. ಅದು ಕಟಕಟದ ಬಳಗಕ್ಕೆ ಇನ್ನೂ ಹತ್ತಿರದ್ದು, ಮತ್ತು ಅದು ರೊಟ್ಟಿಯನ್ನು ಬಿಟ್ಟು ಕದಲಿಲ್ಲ. ‘ಕಟಕ ಅಧಿಕಾರಿ’ ಇಲ್ಲ. ‘ಖಡಕ್’ ಕದಲಿತು. ಹೊಸ ನೋಟು, ಗಂಜಿ ಹಾಕಿ ಇಸ್ತ್ರಿ ಮಾಡಿದ ಅಂಗಿ ಖಡಕ್ ಆಗುವಲ್ಲಿ ಮುರಿಯುವಿಕೆ ಹೋಗಿ, ಸದ್ದೂ ನೆಟ್ಟಗೆ ನಿಲ್ಲುವ ಗುಣವೂ ಉಳಿದಿವೆ. ಖಡಕ್ ಅಧಿಕಾರಿಯಲ್ಲಿ ಸದ್ದೂ ಹೋಗಿ, ಬಾಗದಿರುವುದಷ್ಟೇ ಉಳಿದಿದೆ. ಬಗ್ಗು, ಮಣಿ ಎಂಬ ಧಾತುಗಳು ಮನುಷ್ಯರ ನಡತೆಗೆ ಕನ್ನಡದಲ್ಲಿ ಮೊದಲೇ ಸಲ್ಲುತ್ತಿದ್ದುದರಿಂದ ಈ ಹೆಜ್ಜೆಗೆ ದಾರಿ ಸಿದ್ಧವಾಗಿಯೇ ಇತ್ತು. ದಿನಪತ್ರಿಕೆಗಳು ‘ಖಡಕ್ ಸೂಚನೆ’, ‘ಖಡಕ್ ಎಚ್ಚರಿಕೆ’ಗಳ ಮೂಲಕ ರಾಜ್ಯಕ್ಕೆಲ್ಲ ಹಂಚಿದ್ದು ಈ ಕೊನೆಯ ಅರ್ಥವನ್ನು ಮಾತ್ರ. ರೊಟ್ಟಿಯನ್ನು ಕಾಣದೆ ಶೀರ್ಷಿಕೆಯನ್ನಷ್ಟೇ ಕಂಡ ಓದುಗರಿಗೆ ‘ಕಟ್ಟುನಿಟ್ಟು’ ಮೂಲಾರ್ಥವಾಗಿಯೂ ರೊಟ್ಟಿ ರೂಪಕವಾಗಿಯೂ ತೋರಿದರೆ ಆಶ್ಚರ್ಯವಿಲ್ಲ.

ಸದ್ದಿನಿಂದ ಸ್ಪರ್ಶಕ್ಕೆ, ಸ್ಪರ್ಶದಿಂದ ಸ್ವಭಾವಕ್ಕೆ ಎಂಬ ಈ ನಡೆಯನ್ನು ಕಂಡೊಡನೆ ಡಿಂಗೆಮಾನ್ಸೆ ಅವರ ಶ್ರೇಣಿಯನ್ನು ಉಲ್ಲೇಖಿಸುವ ಆಸೆ ಹುಟ್ಟುವುದು ಸಹಜ. ಐಡಿಯೊಫೋನ್‌ಗಳ ಅರ್ಥಕ್ಷೇತ್ರವು ಧ್ವನಿಯಿಂದ ಮೊದಲ್ಗೊಂಡು ಚಲನೆ, ದೃಶ್ಯ, ಇತರ ಇಂದ್ರಿಯಾನುಭವಗಳ ಮೂಲಕ ಅಂತರಂಗದ ಸ್ಥಿತಿಗಳವರೆಗೆ ಚಾಚುತ್ತದೆಂದು ಅವರು 2012ರಲ್ಲಿ ಪ್ರತಿಪಾದಿಸಿದರು. ಆದರೆ ಆ ಶ್ರೇಣಿ ಹೇಳುವುದು ಒಂದು ಭಾಷೆಯ ಇಡೀ ಐಡಿಯೊಫೋನ್ ಸಂಪತ್ತಿನಲ್ಲಿ ಏನಿದ್ದರೆ ಏನಿರುತ್ತದೆ ಎಂಬುದನ್ನು. ಒಂದು ಪದದ ಅರ್ಥವಿಕಾಸದ ಚರಿತ್ರೆಯನ್ನಲ್ಲ. ಅದನ್ನು ಪದಚರಿತ್ರೆಯ ಏಣಿಯಂತೆ ಬಳಸುವ ಅಭ್ಯಾಸವನ್ನು ನಾವು ಒಪ್ಪುವುದಿಲ್ಲ.

ಈ ಏಣಿಗೆ ಒಗ್ಗದ ಪ್ರಯೋಗ ನಮ್ಮ ಕೈಯಲ್ಲೇ ಇದೆ: ‘ಖಡಕ್ ಚಾ’. ಚಹಾ ಮುರಿಯುವುದಿಲ್ಲ, ಸದ್ದು ಮಾಡುವುದಿಲ್ಲ, ಬಾಗುವ ಪ್ರಶ್ನೆಯೇ ಇಲ್ಲ. ರೊಟ್ಟಿಯಿಂದ ಚಹಾಕ್ಕೆ ರೂಪಕದ ಸೇತುವೆ ಕಟ್ಟುವುದು ಅಸಾಧ್ಯವೇನಲ್ಲ, ಆದರೆ ಬಲವಂತ. ‘ಕಡಕ್ ಚಾಯ್’ ಎಂಬ ಇಡೀ ಪದಪುಂಜವೇ ಚಹಾದಂಗಡಿಯ ಮಾತಾಗಿ ಬಂದು ಸೇರಿದೆಯೆಂದು ತಿಳಿಯುವುದು ಹೆಚ್ಚು ಸರಳ. ರೂಪದ ಸಾಕ್ಷ್ಯವೂ ಇದಕ್ಕೆ ಅನುಕೂಲವಾಗಿದೆ. ‘ರೊಟ್ಟಿ ಖಡಕ್ ಅಂತ ಮುರೀತು’ ಎನ್ನಬಹುದು, ಅಲ್ಲಿ ಪದ ತನ್ನ ಅನುಕರಣರೂಪಕ್ಕೆ ಸಲೀಸಾಗಿ ಮರಳುತ್ತದೆ; ‘ಖಡಕ್ಕಾಗಿ ಹೇಳಿದರು’ ಎಂದು ಅಧಿಕಾರಿಯ ಮಾತಿಗೂ ಹೊಂದಿಸಬಹುದು. ಚಹಾದ ವಿಷಯದಲ್ಲಿ ‘ಅಂತ’ದೊಡನೆ ಯಾವ ವಾಕ್ಯವೂ ಹುಟ್ಟುವುದಿಲ್ಲ. ಅಂದರೆ ಎರವಲಿನ ವಾದ ಚಹಾಕ್ಕೆ ಸಲ್ಲುತ್ತದೆ, ರೊಟ್ಟಿಗೆ ಸಾಲುವುದಿಲ್ಲ. ಒಂದೇ ಪದಕ್ಕೆ ಒಂದೇ ಮೂಲವಿರಬೇಕೆಂಬ ಹಟವನ್ನು ಬಿಟ್ಟರೆ ಎರಡನ್ನೂ ಒಪ್ಪಬಹುದು.

ಎದುರುಪದಗಳು ಈ ವಿಭಾಗವನ್ನು ಇನ್ನಷ್ಟು ಸ್ಪಷ್ಟಪಡಿಸುತ್ತವೆ. ರೊಟ್ಟಿಗೆ ‘ಬಿಸಿ’, ಮನುಷ್ಯನಿಗೆ ‘ಮೆತ್ತನ್ನ’ ಅಥವಾ ‘ಸಡ್ಲ’, ಚಹಾಕ್ಕೆ ‘ಸಪ್ಪನ್ನ’ ಅಥವಾ ‘ನೀರ್ನೀರ’. ಪ್ರಾದೇಶಿಕ ಪದಕೋಶವನ್ನು ರಚಿಸುವವರು ‘ಖಡಕ್: ಗು. ಗಟ್ಟಿ, ಕಟ್ಟುನಿಟ್ಟಾದ’ ಎಂದು ಬರೆದರೆ ಇವೆಲ್ಲ ಅಳಿಸಿಹೋಗುತ್ತವೆ. ನಮ್ಮಲ್ಲಿ ಉಪಭಾಷೆಗಳ ಕುರಿತ ಮಹಾಪ್ರಬಂಧಗಳು ಅನುಕರಣ ಪದಗಳನ್ನು ಕೊನೆಯ ಅನುಬಂಧದಲ್ಲಿ, ಪದಕ್ಕೊಂದು ಸಮಾನಾರ್ಥಕದಂತೆ ಪಟ್ಟಿಮಾಡಿ ಬಿಡುವುದೇ ಹೆಚ್ಚು. ಅಂಥ ಪಟ್ಟಿಯಲ್ಲಿ ಪದವು ಯಾವ ಧಾತುವಿನೊಡನೆ ಹೋಗುತ್ತದೆ, ಯಾವ ನಾಮಪದವನ್ನು ನಿರಾಕರಿಸುತ್ತದೆ, ಯಾವುದರ ಎದುರು ನಿಲ್ಲುತ್ತದೆ ಎಂಬುದು ದಾಖಲಾಗುವುದಿಲ್ಲ. ನಿರಾಕರಣೆಯಂತೂ ಕೇಳದ ಹೊರತು ದೊರೆಯುವಂಥದೇ ಅಲ್ಲ. ‘ಖಡಕ್ ಕಲ್ಲು ಅನ್ನಬಹುದೇ?’ ಎಂದು ಕೇಳಿದಾಗ ಬರುವ ನಗು ಯಾವ ಧ್ವನಿಸುರುಳಿಯಲ್ಲೂ ತಾನಾಗಿ ಮುದ್ರಿತವಾಗುವುದಿಲ್ಲ. ಕೇಳಬೇಕಾದವರು ಯಾರು ಎಂಬುದೂ ಮುಖ್ಯ. ಈಗ ಅಂಗಡಿಗಳಲ್ಲಿ ಪೊಟ್ಟಣ ಕಟ್ಟಿ ‘ಖಡಕ್ ರೊಟ್ಟಿ’ ಎಂದು ಅಚ್ಚುಹಾಕಿ ಮಾರುತ್ತಾರೆ. ಪದವು ಸರಕಿನ ಹೆಸರಾಗಿ ಗಟ್ಟಿಗೊಳ್ಳುತ್ತಿದೆ. ಕೊಂಡು ತಿನ್ನುವವರಿಗೆ ಖಡಕ್ ಒಂದು ಬಗೆ. ಒಲೆಯ ಮುಂದೆ ಕುಳಿತು ಬಡಿಯುವ ಹೆಣ್ಣುಮಕ್ಕಳಿಗೆ ಅದು ಒಂದು ಹದ. ‘ಇನ್ನಾ ಖಡಕ್ ಆಗಿಲ್ಲ’ ಎಂದು ಅವರು ತೀರ್ಮಾನಿಸುವುದು ಕಣ್ಣಿನಿಂದಲ್ಲ, ಬೆರಳಿನಿಂದ ಅಂಚನ್ನು ಬಡಿದು ಕಿವಿಯಿಂದ.