ಕಳಸದ ಭಟ್ಟರು, ಕುಂದಗೋಳದ ಫಾತಿಮಾ ಮತ್ತು ನಾಗಾಭರಣರ ಕ್ಯಾಮೆರಾ

ಟಿ.ಎಸ್. ನಾಗಾಭರಣರ ಮೂರು ಸಿನಿಮಾಗಳಿಗೆ ಒಂದೇ ರಾಷ್ಟ್ರಪ್ರಶಸ್ತಿ ಬಂದಿದೆ. ‘ಗ್ರಹಣ’ (1978), ‘ಸಂತ ಶಿಶುನಾಳ ಶರೀಫ’ (1990), ‘ಕಲ್ಲರಳಿ ಹೂವಾಗಿ’ (2006) ಈ ಮೂರನ್ನೂ ರಾಷ್ಟ್ರೀಯ ಭಾವೈಕ್ಯತೆ ಸಾರುವ ಚಿತ್ರಗಳೆಂದು ದಿಲ್ಲಿ ಗುರುತಿಸಿತು. ಭಾವೈಕ್ಯತೆ ಎಂಬ ಮಾತಿನಲ್ಲಿ ಒಂದು ಪೂರ್ವಗ್ರಹ ಅಡಗಿದೆ. ಎರಡು ಬೇರೆ ಬೇರೆ ವಸ್ತುಗಳು ಮೊದಲೇ ಇದ್ದವು, ಆಮೇಲೆ ಯಾರೋ ಬಂದು ಅಂಟು ಹಚ್ಚಿ ಕೂಡಿಸಿದರು ಅನ್ನುವ ಪೂರ್ವಗ್ರಹ ಅದು. ಕುಂದಗೋಳದಲ್ಲಿ ಕೂತು ಶರೀಫರ ಸಿನಿಮಾ ನೋಡಿದಾಗಲೆಲ್ಲ ಈ ಹಣೆಪಟ್ಟಿ ಚಿತ್ರಕ್ಕೆ ಸರಿಹೊಂದುವುದಿಲ್ಲ ಅಂತಲೇ ನನಗೆ ಅನ್ನಿಸಿದೆ.

‘ಗ್ರಹಣ’ದಿಂದಲೇ ನೋಡೋಣ. ಊರಹಬ್ಬದ ಕೆಲವು ದಿನಗಳ ಮಟ್ಟಿಗೆ ಕೆಲವು ದಲಿತರನ್ನು ಬ್ರಾಹ್ಮಣರನ್ನಾಗಿ ಮಾಡಿ, ಹಬ್ಬ ಮುಗಿದ ಕೂಡಲೇ ಮತ್ತೆ ಮೊದಲಿನ ಜಾಗಕ್ಕೆ ಅಟ್ಟುವ ಒಂದು ಆಚರಣೆ ಅದರ ವಸ್ತು. ಮೇಲಿನ ಸ್ಥಾನ ಕೊಡುವವರೂ ಊರವರೇ, ಕಸಿದುಕೊಳ್ಳುವವರೂ ಊರವರೇ. ನಾಗಾಭರಣ ಮತ್ತು ಟಿ.ಎಸ್. ರಂಗಾ ಇದರ ಚಿತ್ರಕಥೆಗೂ ರಾಷ್ಟ್ರಪ್ರಶಸ್ತಿ ಪಡೆದರು. ಬಿ.ವಿ. ಕಾರಂತರ ‘ಬೆನಕ’ ತಂಡದಲ್ಲಿ ಪಳಗಿದ, ಆಗಿನ್ನೂ ಇಪ್ಪತ್ತೈದರ ಹುಡುಗನ ಸಿನಿಮಾದಲ್ಲಿ ಐಕ್ಯತೆ ಎಲ್ಲಿದೆ? ಅಲ್ಲಿರುವುದು ಸಿಟ್ಟು.

ಹನ್ನೆರಡು ವರ್ಷಗಳ ನಂತರದ ಶರೀಫರ ಚಿತ್ರದಲ್ಲಿ ಇದೇ ಪ್ರಶ್ನೆ ತಲೆಕೆಳಗಾಗಿ ಬರುತ್ತದೆ. ಶರೀಫರು (1819–1889) ಶಿಗ್ಗಾಂವಿ ತಾಲೂಕಿನ ಶಿಶುನಾಳದವರು. ಅವರ ಗುರು ಗೋವಿಂದ ಭಟ್ಟರು ಕಳಸದವರು. ಕಳಸ ಇರುವುದು ನಮ್ಮ ಕುಂದಗೋಳ ತಾಲೂಕಿನಲ್ಲಿ. ಆ ಬ್ರಾಹ್ಮಣ ಗುರು ಮುಸಲ್ಮಾನ ಶಿಷ್ಯನಿಗೆ ಜನಿವಾರ ಹಾಕಿದ ಕಥೆ ಈ ಭಾಗದಲ್ಲಿ ಎಲ್ಲರ ಬಾಯಲ್ಲೂ ಇದೆ. ‘ಗ್ರಹಣ’ದಲ್ಲಿ ಊರು ಕೊಟ್ಟದ್ದನ್ನು ಊರೇ ಕಿತ್ತುಕೊಳ್ಳುತ್ತದೆ. ಇಲ್ಲಿ ಒಬ್ಬನೇ ಮನುಷ್ಯ ಊರನ್ನು ಕೇಳದೆ ಕೊಡುತ್ತಾನೆ, ಊರಿಗೆ ಅದನ್ನು ಹಿಂದಕ್ಕೆ ಪಡೆಯಲು ಆಗುವುದಿಲ್ಲ. ಎರಡು ಧರ್ಮಗಳ ರಾಜಿ ಎಂದು ಇದನ್ನು ಕರೆದರೆ ವಿಷಯ ಸಣ್ಣದಾಗುತ್ತದೆ. ಹೀಗೆ ಕೊಡುವ ಅಧಿಕಾರ ಯಾರದ್ದು ಎಂಬುದೇ ಇಲ್ಲಿನ ವಿಷಯ. ಗೋವಿಂದ ಭಟ್ಟರಾಗಿ ಗಿರೀಶ ಕಾರ್ನಾಡರು ಚಿತ್ರದ ದೊಡ್ಡ ಬಲ. ಧಾರವಾಡದ ಮಾತು ಅವರಿಗೆ ಬಾಯಿಪಾಠ ಮಾಡಬೇಕಾದ ಮಾತಲ್ಲ. ಶರೀಫರಾದ ಶ್ರೀಧರ್ ನೃತ್ಯಗಾರರೂ ಹೌದು, ಆದ್ದರಿಂದಲೋ ಏನೋ ಅವರ ಭಕ್ತಿ ಮುಖಕ್ಕಿಂತ ಮೊದಲು ಮೈಯಲ್ಲಿ ಕಾಣುತ್ತದೆ.

ಇದೇ ತಾಲೂಕಿನಲ್ಲಿ ಈ ಸಂಬಂಧ ಇನ್ನೊಮ್ಮೆ, ಉಲ್ಟಾ ಆಗಿ ನಡೆದಿದೆ. ಸವಾಯಿ ಗಂಧರ್ವರು (1886–1952) ಕುಂದಗೋಳದವರು, ಬ್ರಾಹ್ಮಣರು. ಅವರ ಗುರು ಅಬ್ದುಲ್ ಕರೀಂ ಖಾನರು. ಆ ವಿದ್ಯೆ ಕಲಿಯಲು ಗಂಗೂಬಾಯಿ ಹಾನಗಲ್ ಹುಬ್ಬಳ್ಳಿಯಿಂದ ರೈಲು ಹತ್ತಿ ಇಲ್ಲಿಗೆ ಬರುತ್ತಿದ್ದರು. ಭಾವೈಕ್ಯತೆ ಸಾಧಿಸುತ್ತಿದ್ದೇವೆ ಎಂದು ಯಾರೂ ಹೇಳಿಕೊಳ್ಳಲಿಲ್ಲ. ಗುರು ಬೇಕಿತ್ತು, ಹುಡುಕಿಕೊಂಡು ಹೋದರು, ಅಷ್ಟೇ.

ಇನ್ನು ಹಾಡುಗಳಿಗೆ ಬರೋಣ. ನಾಗಾಭರಣರ ವೃತ್ತಿಯ ಕೀಲಿ ಇರುವುದೇ ಅಲ್ಲಿ. ಕೆ.ಎಸ್. ನರಸಿಂಹಸ್ವಾಮಿಯವರ ಕವಿತೆಗಳಿಂದ ‘ಮೈಸೂರ ಮಲ್ಲಿಗೆ’ (1992) ಎಂಬ ಪೂರ್ತಿ ಸಿನಿಮಾವನ್ನೇ ಕಟ್ಟಿದವರು ಅವರು. ಕಾರ್ನಾಡರ ನಾಟಕ ‘ನಾಗಮಂಡಲ’ವನ್ನು (1997) ಗೋಪಾಲ ಯಾಜ್ಞಿಕರ ಸಾಹಿತ್ಯದ ಬಲದ ಮೇಲೆ ತೆರೆಗೆ ತಂದವರೂ ಅವರೇ. ಮೂರಕ್ಕೂ ಸಿ. ಅಶ್ವತ್ಥ್ ಅವರ ಸಂಗೀತ. ಬೇರೆಯವರ ಸಿನಿಮಾದಲ್ಲಿ ಹಾಡು ಬಂದಾಗ ಕಥೆ ನಿಲ್ಲುತ್ತದೆ, ಇವರಲ್ಲಿ ಹಾಡೇ ಕಥೆಯನ್ನು ಹೊತ್ತು ಸಾಗುತ್ತದೆ. ನವದಾಂಪತ್ಯದ ಕವಿತೆಗಳಿಗೆ ಇದು ಚೆನ್ನಾಗಿ ಒಪ್ಪಿತು. ತತ್ವಪದಕ್ಕೆ ಒಪ್ಪಿತೇ?

ನನಗೆ ಅನುಮಾನವಿದೆ. ಶರೀಫರ ಪದ ಒಂದು ಒಗಟು. ಕೋಳಿ ಕೋತಿಯನ್ನು ನುಂಗುವ ಲೋಕ ಅದು. ಭಜನಾ ಮೇಳದವರು ಏಕತಾರಿ, ದಮ್ಮಡಿ, ತಾಳ ಹಿಡಿದು ಹಾಡುವಾಗ ಒಂದೊಂದು ಸಾಲನ್ನು ಎರಡು ಮೂರು ಸಲ ತಿರುಗಿಸುತ್ತಾರೆ. ಕೇಳುವವನು ತಬ್ಬಿಬ್ಬಾಗಲು ಅಲ್ಲಿ ಪುರುಸೊತ್ತಿದೆ. ಸಿನಿಮಾ ಆ ಪುರುಸೊತ್ತನ್ನು ಕಿತ್ತುಕೊಂಡಿತು. ಜೀವನಚರಿತ್ರೆಯ ಚಿತ್ರಗಳ ಹಳೇ ಚಾಳಿಯಂತೆ ಇಲ್ಲಿಯೂ ಪ್ರತಿ ಪದದ ಹಿಂದೆ ಒಂದು ಘಟನೆ ಇಡಲಾಗಿದೆ. ಘಟನೆ ಸಿಕ್ಕ ಕೂಡಲೇ ಒಗಟಿಗೆ ಒಂದೇ ಉತ್ತರ ಉಳಿಯುತ್ತದೆ. ಅಶ್ವತ್ಥರ ಧಾಟಿಯಂತೂ ಎಷ್ಟು ಸೊಗಸೆಂದರೆ, ಅರ್ಥಕ್ಕಾಗಿ ತಡಕಾಡುವ ಮೊದಲೇ ನಾವು ಗುನುಗುತ್ತಿರುತ್ತೇವೆ. ಈಗ ನಮ್ಮ ಕಡೆಯ ಹಳ್ಳಿಗಳ ಎಳೆಯ ಹಾಡುಗಾರರೂ ಆ ಧಾಟಿಯಲ್ಲೇ ಹಾಡುತ್ತಾರೆ. ಶರೀಫರನ್ನು ನಾಡಿಗೆಲ್ಲ ಮುಟ್ಟಿಸಿದ ಚಿತ್ರ, ಶರೀಫರ ನೆಲದಲ್ಲೇ ಹಳೆಯ ಮಟ್ಟುಗಳನ್ನು ಹಿಂದಕ್ಕೆ ಸರಿಸಿತು. ಲಾಭ ದೊಡ್ಡದು, ಆದರೆ ಲೆಕ್ಕದಲ್ಲಿ ಈ ನಷ್ಟವನ್ನೂ ಬರೆಯಬೇಕು.

ಬ್ರಿಟನ್ನಿನ ಕೆನ್ ರಸೆಲ್ ಟಿವಿಯಲ್ಲಿ ಕೆಲಸ ಮಾಡಿಯೇ ಸಿನಿಮಾದ ದೊಡ್ಡ ನಿರ್ದೇಶಕರಾದವರು. 1962ರಲ್ಲಿ ಬಿಬಿಸಿಗಾಗಿ ಸಂಗೀತ ಸಂಯೋಜಕ ಎಲ್ಗರ್ ಕುರಿತು ಅವರು ಚಿತ್ರ ಮಾಡಿದಾಗ ನಟರ ಬಾಯಲ್ಲಿ ಮಾತೇ ಇರಲಿಲ್ಲ. ನಿರೂಪಣೆಯ ಧ್ವನಿಯೊಂದು, ಗುಡ್ಡದ ಮೇಲೆ ಕುದುರೆ ಮರಿ ಹತ್ತಿ ಹೋಗುವ ಹುಡುಗ, ಮೇಲೆ ಸಂಗೀತ. ಆ ಸಂಗೀತ ಯಾವ ಘಟನೆಯಿಂದ ಹುಟ್ಟಿತೆಂದು ಆ ದೃಶ್ಯ ವಿವರಿಸಲು ಹೋಗುವುದಿಲ್ಲ, ಹಾಗಾಗಿ ಅದು ಮನಸ್ಸಿನಲ್ಲಿ ಉಳಿಯುತ್ತದೆ. ನಮ್ಮ ಎರೆಹೊಲಗಳ ಬಯಲಿಗೆ ಇಂಥ ಮೌನ ಚೆನ್ನಾಗಿ ಒಪ್ಪುತ್ತಿತ್ತು.

ನಾಗಾಭರಣರೂ ಟಿವಿಯಲ್ಲಿ ದುಡಿದವರು. ದೂರದರ್ಶನದ ಹಿಂದಿ ಧಾರಾವಾಹಿ ‘ತೆನಾಲಿ ರಾಮ’ ಅವರದ್ದೇ, ಬಂದದ್ದು ಶರೀಫರ ಚಿತ್ರದ ಆಸುಪಾಸಿನಲ್ಲೇ. ವಾರಕ್ಕೊಂದು ತೊಡಕು, ಕೊನೆಗೆ ರಾಮನ ಜಾಣತನದಿಂದ ಬಿಡುಗಡೆ. ಮಕ್ಕಳಿಗೆ ಖುಷಿ. ಒಗಟನ್ನು ಅರ್ಧ ಗಂಟೆಯೊಳಗೆ ಬಿಡಿಸಲೇಬೇಕೆಂಬ ಟಿವಿಯ ಅವಸರ ಅದೇ ಕಾಲದ ಸಿನಿಮಾಕ್ಕೂ ತುಸು ಅಂಟಿರಬೇಕು, ಇದು ನನ್ನ ಊಹೆ ಮಾತ್ರ. ‘ಜನುಮದ ಜೋಡಿ’ಯ (1996) ಜನಪ್ರಿಯತೆ ಬೇರೆಯೇ ಕಥೆ, ಅದಕ್ಕೆ ಬೇರೆಯೇ ಲೇಖನ ಬೇಕು. ‘ಕಲ್ಲರಳಿ ಹೂವಾಗಿ’ ಚಿತ್ರದುರ್ಗದ ಹಿನ್ನೆಲೆಯ ಹಿಂದೂ–ಮುಸ್ಲಿಂ ಪ್ರೇಮಕಥೆ. ನೋಡಲು ಸೊಗಸಾಗಿದೆ, ಆದರೆ ಮೂರರಲ್ಲಿ ಪ್ರಶಸ್ತಿಯ ಹೆಸರಿಗೆ ತಕ್ಕಂತೆ ನಡೆದುಕೊಳ್ಳುವ ಚಿತ್ರ ಇದೊಂದೇ. ‘ಗ್ರಹಣ’ದ ಸಿಟ್ಟು ಅದರಲ್ಲಿ ನನಗೆ ಕಾಣಲಿಲ್ಲ. ಮುಂದೆ ನರ್ಗಿಸ್ ದತ್ ಹೆಸರು ಹೊತ್ತ ಆ ಪ್ರಶಸ್ತಿಯೂ ಈಗ ಹಳೆಯ ರೂಪದಲ್ಲಿಲ್ಲ. ಕೇಂದ್ರ ಸರ್ಕಾರ ಅದನ್ನು ರಾಷ್ಟ್ರೀಯ, ಸಾಮಾಜಿಕ, ಪರಿಸರ ಮೌಲ್ಯಗಳ ಪ್ರಶಸ್ತಿಯೊಳಗೆ ಸೇರಿಸಿದೆ.

ನನ್ನ ಇನ್ನೊಂದು ತಕರಾರು ಊರಿನ ಹೆಣ್ಣುಮಗಳ ಪರವಾಗಿದೆ. ಶರೀಫರ ಹೆಂಡತಿ ಫಾತಿಮಾ ಕುಂದಗೋಳದ ಮಗಳು ಎನ್ನುತ್ತಾರೆ. ಮಗುವೂ ಹೋಯಿತು, ಆಕೆಯೂ ಹೋದಳು, ಶರೀಫರು ಸಂಸಾರ ಬಿಟ್ಟರು, ಹೀಗೆ ಸಾಗುತ್ತದೆ ಕಥೆ. ಸಂತರ ಕಥೆಗಳಲ್ಲಿ ಹೆಂಡತಿಗೆ ಇರುವ ಕೆಲಸ ಸಾಯುವುದೊಂದೇ. ಚಿತ್ರವೂ ಈ ಜಾಡನ್ನು ಬಿಟ್ಟು ಹೊರಡುವುದಿಲ್ಲ. ನಾಗಾಭರಣರಿಗೆ ಹೆಣ್ಣಿನ ಒಳಮನೆ ಗೊತ್ತಿಲ್ಲ ಎನ್ನುವಂತಿಲ್ಲ. ‘ನಾಗಮಂಡಲ’ದಲ್ಲಿ ಗಂಡ ಬೀಗ ಹಾಕಿಹೋದ ಮನೆಯೊಳಗಿನ ರಾಣಿಯ ಜೊತೆ ಅವರ ಕ್ಯಾಮೆರಾ ಹೊತ್ತುಗಟ್ಟಲೆ ಕೂರುತ್ತದೆ, ‘ಸಿಂಗಾರೆವ್ವ’ದ ಕೇಂದ್ರದಲ್ಲೂ ಹೆಣ್ಣೇ ಇದ್ದಾಳೆ. ರಾಣಿಗೆ ಕೊಟ್ಟ ಹೊತ್ತಿನಲ್ಲಿ ಕಾಲುಭಾಗವನ್ನಾದರೂ ಏಳು ವರ್ಷ ಮೊದಲೇ ಫಾತಿಮಾಳಿಗೆ ಕೊಡಬಹುದಿತ್ತು. ಕುಂದಗೋಳದಿಂದ ಶಿಶುನಾಳಕ್ಕೆ ಸೊಸೆಯಾಗಿ ಹೋದ ಆ ಹುಡುಗಿ, ತನ್ನ ಗಂಡನ ಕೊರಳಿಗೆ ಜನಿವಾರ ಹಾಕಿದ ಪಕ್ಕದೂರಿನ ಭಟ್ಟರನ್ನು ಯಾವ ಕಣ್ಣಿನಿಂದ ನೋಡಿದಳು ಎಂದು ಚಿತ್ರ ಒಮ್ಮೆಯೂ ಕೇಳುವುದಿಲ್ಲ.