ಕಾಲವನ್ನು ಕಟ್ಟಿ ಹಾಯಿಸುವ ಯಂತ್ರ

ಆಂಗ್ಲ ಕಾದಂಬರಿಕಾರ ಟೆರಿ ಪ್ರ್ಯಾಚೆಟ್ (1948–2015) 2001ರಲ್ಲಿ ಪ್ರಕಟಿಸಿದ ‘ಥೀಫ್ ಆಫ್ ಟೈಮ್’, ಎಂದರೆ ‘ಕಾಲಚೋರ’, ಅವನ ‘ಡಿಸ್ಕ್‌ವರ್ಲ್ಡ್’ ಕಥಾಮಾಲೆಗೆ ಸೇರಿದ ಗ್ರಂಥ. ಆ ಜಗತ್ತು ತಟ್ಟೆಯಂತೆ ಚಪ್ಪಟೆಯಾದುದು. ಅದನ್ನು ನಾಲ್ಕು ಆನೆಗಳು ಹೊತ್ತಿವೆ, ಆನೆಗಳನ್ನು ಮಹಾಕೂರ್ಮವೊಂದು ಹೊತ್ತಿದೆ. ದಿಗ್ಗಜಗಳ ಮತ್ತು ಆದಿಕೂರ್ಮನ ಕಥೆಯನ್ನು ಬಾಲ್ಯದಿಂದಲೇ ಕೇಳಿಬಲ್ಲ ಕನ್ನಡ ವಾಚಕರಿಗೆ ಇದು ಪರದೇಶವೆನ್ನಿಸದು. ಹೊಸತೆಂದರೆ, ಆ ಜಗತ್ತಿನಲ್ಲಿ ಕಾಲವನ್ನು ಸಮಸ್ಥಿತಿಯಲ್ಲಿ ಹಿಡಿದಿರುವ ಯಂತ್ರ.

ನಮ್ಮ ಪುರಾಣಗಳಲ್ಲಿಯೂ ಕಾಲವು ಎಲ್ಲೆಡೆ ಒಂದೇ ವೇಗದಿಂದ ಹರಿಯುವುದಿಲ್ಲ. ಭಾಗವತದ ಕಕುದ್ಮಿ ರಾಜನು ಮಗಳು ರೇವತಿಗೆ ವರನನ್ನು ವಿಚಾರಿಸಲು ಬ್ರಹ್ಮಲೋಕಕ್ಕೆ ಹೋಗಿ ಕ್ಷಣಕಾಲ ಕಾದು ನಿಂತುದರೊಳಗೆ ಭೂಮಿಯಲ್ಲಿ 27 ಚತುರ್ಯುಗಗಳು ಕಳೆದುಹೋಗಿದ್ದುವು. ಆದರೆ ಆ ಏರುಪೇರನ್ನು ಸರಿಪಡಿಸಲು ಅಲ್ಲಿ ಯಾರೂ ಹೊರಡುವುದಿಲ್ಲ. ಗಳಿಗೆ ಬಟ್ಟಲಾದರೂ 24 ನಿಮಿಷಕ್ಕೊಮ್ಮೆ ಮುಳುಗಿ ಕಾಲವನ್ನು ಅಳೆಯುತ್ತಿದ್ದಿತೇ ಹೊರತು ಆಳುತ್ತಿರಲಿಲ್ಲ. ಪ್ರ್ಯಾಚೆಟ್ಟನ ಇತಿಹಾಸ-ಸಂನ್ಯಾಸಿಗಳು ಆಳುತ್ತಾರೆ. ಪರ್ವತಗಳ ನಡುವಣ ಅವರ ಮಠದಲ್ಲಿ ತಿರುಗುವ ಉರುಳೆಗಳ ಸಾಲುಗಳಿವೆ. ಕಾಲವು ಹೆಚ್ಚಾಗಿ ಬಿದ್ದಿರುವ ಎಡೆಯಿಂದ ಅದನ್ನು ಸುತ್ತಿಕೊಂಡು, ಸಾಲದೆ ಬಂದ ಎಡೆಗೆ ಬಿಚ್ಚಿಕೊಡುವುದು ಅವುಗಳ ಕೆಲಸ. ‘ಪ್ರೊಕ್ರ್ಯಾಸ್ಟಿನೇಟರ್’ ಎಂದು ಅವುಗಳ ಹೆಸರು; ಇಂದಿನದನ್ನು ನಾಳೆಗೆ ತಳ್ಳುವವನೆಂದು ಅರ್ಥ. ‘ದೀರ್ಘಸೂತ್ರಿ’ ಎಂಬ ನಮ್ಮ ಮಾತು ಮೂಲಕ್ಕಿಂತಲೂ ಚೆನ್ನಾಗಿ ಒಪ್ಪುತ್ತದೆ. ಉರುಳೆಗೆ ಸುತ್ತಬೇಕಾದುದು ನೂಲೇ ಅಲ್ಲವೆ!

ಒಂದು ಉರುಳೆ ಕೆಟ್ಟು, ಅದರ ಭಾರ ಮತ್ತೊಂದರ ಮೇಲೆ ಬಿದ್ದು, ಮಠದ ಯಂತ್ರಶಾಲೆಯೆಲ್ಲ ಕೈತಪ್ಪುವ ಹೊತ್ತಿಗೆ ಲಾಬ್ಸ್ಯಾಂಗ್ ಎಂಬ ಕಿರಿಯ ಶಿಷ್ಯನು ಅದನ್ನು ಸಮತೂಕಕ್ಕೆ ತರುವ ಪ್ರಸಂಗವು ಗ್ರಂಥದ ಅತ್ಯುತ್ತಮ ಭಾಗಗಳಲ್ಲೊಂದು. ಕಲ್ಪಿತ ಯಂತ್ರಕ್ಕೆ ಭಾರವಿದೆ, ಬಿಸಿಯಿದೆ, ಸದ್ದಿದೆ. ಮಂತ್ರದಂಡದ ಸೋಗು ಅದಕ್ಕಿಲ್ಲ. ಭದ್ರಾವತಿಯವರಿಗೆ ಅದರ ತತ್ತ್ವವನ್ನು ವಿವರಿಸಬೇಕಾದುದೇ ಇಲ್ಲ. ಲಕ್ಕವಳ್ಳಿಯಲ್ಲಿ ಭದ್ರೆಯನ್ನು ತಡೆದು, ಮಳೆಗಾಲದ ನೀರನ್ನು ಬೇಸಗೆಗೆ ಉಳಿಸಿ, ದಾವಣಗೆರೆಯ ಗದ್ದೆಗಳವರೆಗೆ ಹಾಯಿಸುವ ಏರ್ಪಾಡೂ ಇದೇ ಬಗೆಯದು.

ಆದರೆ ಈ ಹೋಲಿಕೆಯೇ ಗ್ರಂಥದ ದೋಷವನ್ನೂ ಹೊರಗೆಡಹುತ್ತದೆ. ಸಂನ್ಯಾಸಿಗಳು ಸಮುದ್ರದ ಆಳದಿಂದ ಕಾಲವನ್ನು ತೆಗೆದು ನಗರಗಳಿಗೆ ಕೊಡುತ್ತಾರೆ. ಮೀನುಗಳಿಗೆ ಕಾಲದ ಅಗತ್ಯ ಕಡಮೆಯೆಂದು ಗ್ರಂಥಕರ್ತನು ನಗುತ್ತಾನೆ. ವಾಚಕನೂ ನಗುತ್ತಾನೆ. ಮೀನನ್ನು ಕೇಳಿದವರು ಯಾರು? ಶಿವಮೊಗ್ಗದವರು ಈ ಪ್ರಶ್ನೆಯನ್ನು ದಾಟಿ ಹೋಗಲಾರರು. 1923ರಲ್ಲಿ ಭದ್ರಾವತಿಯ ಕಬ್ಬಿಣದ ಕುಲುಮೆ ಹೊತ್ತಿದುದು ಮಲೆನಾಡಿನ ಮರಗಳ ಇದ್ದಿಲಿನಿಂದ. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದು ಶರಾವತಿಯ ಕಣಿವೆಯ ಹಳ್ಳಿಗಳು ಮುಳುಗಿದುವು. ಅಲ್ಲಿಯ ವಿದ್ಯುತ್ತು ದೂರದ ನಗರಗಳ ರಾತ್ರಿಗಳನ್ನು ಹಗಲಾಗಿಸಿತು. ಒಕ್ಕಲೆದ್ದು ಶಿವಮೊಗ್ಗದ ಸುತ್ತಣ ಕಾಡುಗಳಿಗೆ ಬಂದು ನೆಲಸಿದ ಕುಟುಂಬಗಳು ತಮ್ಮ ಭೂಮಿಯ ಹಕ್ಕುಪತ್ರಕ್ಕಾಗಿ ದಶಕಗಳ ಕಾಲ ಕಾದುವು. ಕಾಯುವುದೆಂದರೆ ತನ್ನ ಕಾಲವನ್ನು ಇನ್ನೊಬ್ಬನ ಉರುಳೆಗೆ ಸುತ್ತಿಕೊಡುವುದೇ. ಇಷ್ಟು ಹತ್ತಿರದವರೆಗೂ ಬಂದ ಕಲ್ಪನೆಯು ಒಂದು ನಗೆಮಾತಿನಲ್ಲಿ ಹಿಂದಿರುಗಿತೆಂಬುದು ವ್ಯಥೆಯ ವಿಷಯ.

ಉತ್ತರಾರ್ಧದಲ್ಲಿ ವಿಶ್ವದ ಲೆಕ್ಕಪರಿಶೋಧಕರೆಂಬ ನಿರಾಕಾರರು ಜೀವರಾಶಿಯ ಗಜಿಬಿಜಿಯನ್ನು ಸಹಿಸದೆ, ಗಾಜಿನ ಗಡಿಯಾರವೊಂದನ್ನು ಮಾಡಿಸಿ ಕಾಲವನ್ನೇ ನಿಲ್ಲಿಸುತ್ತಾರೆ. ನಿಂತ ನಗರದ ವರ್ಣನೆ ಸೊಗಸಾಗಿದೆ, ಆದರೆ ಸ್ವಲ್ಪ ಸುಲಭವಾದುದು. 2015ರಲ್ಲಿ ಭದ್ರಾವತಿಯ ಕಾಗದದ ಕಾರ್ಖಾನೆಯಲ್ಲಿ ಉತ್ಪಾದನೆ ನಿಂತಾಗ ಕಾಲ ನಿಲ್ಲಲಿಲ್ಲ. ಪಾಳಿ ತಪ್ಪಿದ ಮನೆಗಳಲ್ಲಿ ಹಗಲು ಇನ್ನಷ್ಟು ಉದ್ದವಾಯಿತು. ಆ ಬಗೆಯ ಕಾಲ ಈ ಪುಟಗಳಲ್ಲಿಲ್ಲ.

ಪಾತ್ರಗಳಲ್ಲಿ ಲೂ-ತ್ಸೆ ಎಂಬ ಮುದುಕನು ಮನಸ್ಸಿನಲ್ಲಿ ಉಳಿಯುತ್ತಾನೆ. ಅವನು ಮಠದ ಗುರುವಲ್ಲ, ಕಸ ಗುಡಿಸುವವನು. ಪೊರಕೆ ಹಿಡಿದವನನ್ನು ಯಾರೂ ಗಮನಿಸರಾದ ಕಾರಣ ಎಲ್ಲವನ್ನೂ ಕಂಡವನು. ಒಬ್ಬ ಗೃಹಿಣಿಯ ದಿನಬಳಕೆಯ ಮಾತುಗಳನ್ನು ಅವನು ಶಾಸ್ತ್ರವಾಕ್ಯಗಳಂತೆ ಉದ್ಧರಿಸುವ ಪರಿ ಹಾಸ್ಯಕ್ಕಷ್ಟೇ ನಿಲ್ಲುವುದಿಲ್ಲ. ಇಂಥವನನ್ನು ಸೃಷ್ಟಿಸಬಲ್ಲ ಗ್ರಂಥಕರ್ತನು ಅವನನ್ನು ಒಮ್ಮೆಯಾದರೂ ಆ ಕಡಲ ತಳದತ್ತ ಕಳುಹಿಸಬಹುದಾಗಿತ್ತು.